ಕಾಲವು ನಿಧಾನಿಸುವ ಲೋಕ



ಭಾಗವತದ ನವಮಸ್ಕಂಧದಲ್ಲಿ ಕಕುದ್ಮಿಯೆಂಬ ಅರಸನ ಕಥೆಯೊಂದುಂಟು. ಕುಶಸ್ಥಲಿಯ ದೊರೆಯಾದ ಈತನು ತನ್ನ ಮಗಳಾದ ರೇವತಿಗೆ ತಕ್ಕ ವರನು ಯಾರೆಂದು ಕೇಳುವುದಕ್ಕಾಗಿ ಅವಳೊಡನೆ ಬ್ರಹ್ಮಲೋಕಕ್ಕೆ ಹೋದನು. ಅಲ್ಲಿ ಆಗ ಗಂಧರ್ವರ ಗಾನ ನಡೆಯುತ್ತಿತ್ತು. ಹಾಡು ಮುಗಿಯುವ ತನಕ ಕಾದಿದ್ದು ಬಳಿಕ ತನ್ನ ಅರಿಕೆಯನ್ನು ಮುಂದಿಟ್ಟನು. ಬ್ರಹ್ಮನಿಗೆ ನಗು ಬಂದಿತು. ಅರಸನು ಮನಸ್ಸಿನಲ್ಲಿಟ್ಟುಕೊಂಡು ಬಂದಿದ್ದ ವರರೆಲ್ಲ ಎಂದೋ ಗತಿಸಿದ್ದರು. ಅವರ ಮೊಮ್ಮಕ್ಕಳ ಹೆಸರು ಸಹ ಉಳಿದಿರಲಿಲ್ಲ. ಒಂದು ಹಾಡು ಮುಗಿಯುವಷ್ಟರಲ್ಲಿ ಭೂಮಿಯಲ್ಲಿ 27 ಚತುರ್ಯುಗಗಳು ಕಳೆದುಹೋಗಿದ್ದುವು.

ಇದೇ ಬಗೆಯ ಇನ್ನೊಂದು ಕಥೆಯು 2014ನೆಯ ಇಸವಿಯಲ್ಲಿ ಚಲಚ್ಚಿತ್ರವಾಗಿ ಬಂದಿತು. ಹೆಸರು ‘ಇಂಟರ್‌ಸ್ಟೆಲ್ಲರ್’, ನಿರ್ದೇಶಕನು ಕ್ರಿಸ್ಟೋಫರ್ ನೋಲನ್. ಅದರಲ್ಲಿ ‘ಗಾರ್ಗಾಂಟುವಾ’ ಎಂಬ ಕಲ್ಪಿತವಾದ ಕೃಷ್ಣವಿವರವೊಂದಿದೆ. ಕೃಷ್ಣವಿವರವೆಂದರೆ, ಬೆಳಕು ಕೂಡ ಹೊರಬರಲಾರದಷ್ಟು ಗುರುತ್ವಾಕರ್ಷಣವುಳ್ಳ ಕಾಯ, ಕಪ್ಪುಕುಳಿಯೆಂದೂ ಹೇಳುವುದುಂಟು. ಗಾರ್ಗಾಂಟುವಾದ ಅಂಚಿನಲ್ಲಿ ಸುತ್ತುವ ಗ್ರಹವೊಂದರ ಮೇಲೆ ಒಂದು ಗಂಟೆ ಕಳೆದರೆ ಭೂಮಿಯಲ್ಲಿ ಏಳು ವರ್ಷ ಸಂದಿರುತ್ತದೆ. ಹತ್ತು ವರ್ಷದ ಮಗಳನ್ನು ಮನೆಯಲ್ಲಿ ಬಿಟ್ಟು ಹೊರಟ ತಂದೆಯೊಬ್ಬನು ಅಲ್ಲಿಗೆ ಇಳಿಯುತ್ತಾನೆ. ಮೂರು ಗಂಟೆಗಿಂತ ತುಸು ಹೆಚ್ಚು ಹೊತ್ತು ತಡವಾಗುತ್ತದೆ. ನೌಕೆಗೆ ಹಿಂದಿರುಗಿದಾಗ 23 ವರ್ಷಗಳ ಓಲೆಗಳು ಅವನಿಗಾಗಿ ಕಾದಿವೆ. ಕೊನೆಯದರಲ್ಲಿ ಕಾಣಿಸಿಕೊಂಡ ಮಗಳಿಗೆ, ಹೊರಟ ದಿನ ಅವನಿಗಿದ್ದಷ್ಟೇ ವಯಸ್ಸು. ಈ ಚಿತ್ರದಲ್ಲಿ ಗದ್ದಲ ಬಹಳ. ಪಾತ್ರಗಳ ಮಾತೇ ಕೆಲವೆಡೆ ಕಿವಿಗೆ ಬೀಳದು. ಆದರೂ ಈ ಒಂದು ದೃಶ್ಯಕ್ಕಾಗಿ ಅದನ್ನು ಕ್ಷಮಿಸಬಹುದೆಂದು ನನ್ನ ಎಣಿಕೆ.

ಕಕುದ್ಮಿಯ ಪಾಡು ಇದಕ್ಕಿಂತ ಮೇಲು. ಅವನು ಸಮಸ್ತವನ್ನೂ ಕಳೆದುಕೊಂಡನು, ಮಗಳೊಬ್ಬಳನ್ನುಳಿದು. ಅವಳನ್ನು ಬಲರಾಮನಿಗೆ ಕೊಟ್ಟು ಬದರಿಗೆ ತಪಸ್ಸಿಗೆ ಹೊರಟುಹೋದನು. ಚಲಚ್ಚಿತ್ರದ ತಂದೆಗಾದರೋ ಮಗಳೇ ದೂರವಾದವಳು. ಕಟ್ಟಕಡೆಗೆ ಅವನು ಅವಳನ್ನು ಕಂಡಾಗ ಅವಳು ಮರಣಶಯ್ಯೆಯಲ್ಲಿರುವ ಮುದುಕಿ. ಮಕ್ಕಳು ಮೊಮ್ಮಕ್ಕಳು ಸುತ್ತಲೂ ನೆರೆದಿದ್ದಾರೆ. ತಂದೆಯ ತಲೆಯಲ್ಲಿ ಒಂದು ಕೂದಲೂ ನರೆತಿಲ್ಲ.

ಇಂಥ ಕಥೆಯನ್ನು ಕೇಳಿದ ವಿದ್ಯಾವಂತರಲ್ಲಿ ಕೆಲವರು ಇದೆಲ್ಲ ಬರಿಯ ಕಟ್ಟುಕಥೆಯೆನ್ನುತ್ತಾರೆ. ಮತ್ತೆ ಕೆಲವರು ನಮ್ಮ ಹಿರಿಯರಿಗೆ ಇದೆಲ್ಲ ಮೊದಲೇ ತಿಳಿದಿತ್ತೆಂದು ಕಕುದ್ಮಿಯನ್ನು ಸಾಕ್ಷಿಗೆ ಕರೆಯುತ್ತಾರೆ. ಎರಡೂ ಆತುರದ ಮಾತು. ಬ್ರಹ್ಮನ ಒಂದು ಹಗಲು ಮಾನವರಿಗೆ ಸಾವಿರ ಚತುರ್ಯುಗಗಳೆಂಬುದು ಪುರಾಣದ ಲೆಕ್ಕ. ಅಲ್ಲಿ ಲೋಕಕ್ಕೆ ತಕ್ಕ ಕಾಲಮಾನವಿದೆಯೇ ಹೊರತು, ಭಾರವುಳ್ಳ ವಸ್ತುವಿನ ಸಮೀಪದಲ್ಲಿ ಕಾಲವು ನಿಧಾನಿಸುತ್ತದೆಂಬ ಕಾರಣವಿಲ್ಲ. ಕವಿಯ ಊಹೆಯನ್ನು ಗಣಿತವೆಂದು ಹೊಗಳಿದರೆ ಕವಿಗೂ ಗೌರವವಿಲ್ಲ, ಗಣಿತಕ್ಕೂ ಇಲ್ಲ.

ಕಾರಣವನ್ನು ಹೇಳಿದವನು ಐನ್‌ಸ್ಟೈನ್. 1915ರಲ್ಲಿ ಪೂರ್ಣವಾದ ಅವನ ಸಿದ್ಧಾಂತದಂತೆ ಗುರುತ್ವದ ಮೂಲಕ್ಕೆ ಹತ್ತಿರವಿರುವ ಗಡಿಯಾರವು ದೂರದಲ್ಲಿರುವುದಕ್ಕಿಂತ ನಿಧಾನವಾಗಿ ನಡೆಯಬೇಕು. ಪೌಂಡ್ ಮತ್ತು ರೆಬ್ಕಾ ಎಂಬಿಬ್ಬರು 1960ರಲ್ಲಿ ಹಾರ್ವರ್ಡ್ ವಿಶ್ವವಿದ್ಯಾನಿಲಯದ ಗೋಪುರವೊಂದರಲ್ಲಿ, ಕೇವಲ 22.5 ಮೀಟರು ಎತ್ತರದ ಅಂತರದಲ್ಲಿ, ಇದನ್ನು ಅಳೆದು ತೋರಿಸಿದರು. 2010ರಲ್ಲಿ ಅಮೆರಿಕೆಯ ಕೊಲರಾಡೊದಲ್ಲಿ ಒಂದಡಿಯಷ್ಟು ಎತ್ತರದ ವ್ಯತ್ಯಾಸವೂ ಗಡಿಯಾರಗಳಲ್ಲಿ ಕಂಡುಬಂದಿತು. ಮಹಡಿಯ ಮೇಲಿರುವವನಿಗೆ ಕೆಳಗಿರುವವನಿಗಿಂತ ಬೇಗ ವಯಸ್ಸಾಗುವುದು ದಿಟವೇ. ಆದರೆ ಒಂದಡಿಯ ಎತ್ತರಕ್ಕೆ ಇಡೀ ಜೀವಮಾನದಲ್ಲಿ ಆಗುವ ನಷ್ಟ ಸೆಕೆಂಡಿನ ಕೋಟಿಯಲ್ಲಿ ಒಂದಂಶ. ಅದಕ್ಕಾಗಿ ಯಾರೂ ಮಹಡಿಯನ್ನು ಬಿಡಬೇಕಾಗಿಲ್ಲ.

ಇಷ್ಟು ಅಲ್ಪವಾದರೂ ಇದನ್ನು ಕಡೆಗಣಿಸುವಂತಿಲ್ಲ. ದಾರಿ ತೋರಿಸುವ ಜಿ.ಪಿ.ಎಸ್. ಉಪಗ್ರಹಗಳು ಸುಮಾರು 20,200 ಕಿಲೋಮೀಟರು ಎತ್ತರದಲ್ಲಿ ಸುತ್ತುತ್ತವೆ. ಗುರುತ್ವವು ಕಡಿಮೆಯಾದ್ದರಿಂದ ಅಲ್ಲಿನ ಗಡಿಯಾರ ದಿನಕ್ಕೆ ಸೆಕೆಂಡಿನ ಹತ್ತುಲಕ್ಷದಲ್ಲಿ 45 ಅಂಶ ಮುಂದೋಡುತ್ತದೆ. ವೇಗದ ದೆಸೆಯಿಂದ 7 ಅಂಶ ಹಿಂದೆ ಬೀಳುತ್ತದೆ. ಉಳಿದ 38 ಅಂಶವನ್ನು ಸರಿಪಡಿಸದಿದ್ದರೆ ದಿನಕ್ಕೆ ಸುಮಾರು ಹತ್ತು ಕಿಲೋಮೀಟರಿನ ತಪ್ಪು ಕೂಡುತ್ತ ಹೋಗುವುದು. ಎರಡು ದಿನ ಕಳೆಯುವಷ್ಟರಲ್ಲಿ ಮೈಸೂರಿನಲ್ಲಿ ನಿಂತವನನ್ನು ಯಂತ್ರವು ಶ್ರೀರಂಗಪಟ್ಟಣದಿಂದಾಚೆಗೆ ತೋರಿಸೀತು!

ಹಾಗಾದರೆ ಗಂಟೆಗೆ ಏಳು ವರ್ಷ? ಇದು ಸುಮಾರು 61,000 ಪಾಲು ನಿಧಾನ. ಚಿತ್ರಕ್ಕೆ ಸಲಹೆಗಾರರಾಗಿದ್ದವರು ಕಿಪ್ ಥಾರ್ನ್. ಗುರುತ್ವತರಂಗಗಳ ಶೋಧಕ್ಕಾಗಿ 2017ರ ನೊಬೆಲ್ ಪಾರಿತೋಷಕವನ್ನು ಹಂಚಿಕೊಂಡ ವಿದ್ವಾಂಸರು. ನಿರ್ದೇಶಕನು ಈ ಪ್ರಮಾಣವನ್ನು ಬಿಟ್ಟುಕೊಡಲು ಒಪ್ಪಲಿಲ್ಲ. ಅಸಾಧ್ಯವೆಂದೆಣಿಸಿದ್ದ ಥಾರ್ನರು ಲೆಕ್ಕ ಹಾಕಿ ನೋಡಿದರು. ಹತ್ತು ಕೋಟಿ ಸೂರ್ಯರ ತೂಕದ ಕೃಷ್ಣವಿವರವು ತನ್ನ ಪರಮಾವಧಿ ವೇಗಕ್ಕೆ ಕೋಟಿಕೋಟಿಯಲ್ಲಿ ಒಂದಂಶ ಮಾತ್ರ ಕಡಮೆಯಾಗಿ ತಿರುಗಿದರೆ ಇದು ಆದೀತು. ಪ್ರಕೃತಿಯಲ್ಲಿ ಅಂಥ ವೇಗ ಬರಲಾರದು, ಪರಮಾವಧಿಯ 0.998ರಷ್ಟಕ್ಕೆ ಅದು ನಿಲ್ಲುತ್ತದೆಂದು 1974ರಲ್ಲಿ ಗಣಿಸಿದವರೂ ಈ ಥಾರ್ನರೇ ಎಂಬುದು ಸ್ವಾರಸ್ಯ. ನಿಯಮವು ನಿಷೇಧಿಸದಿದ್ದರೂ ಪ್ರಕೃತಿಯಲ್ಲಿ ಒದಗದ ಸಂಗತಿಗಳು ಹಲವುಂಟು. ಗಾರ್ಗಾಂಟುವಾ ಆ ಗಡಿಯಲ್ಲಿ ನಿಂತಿದೆ.

ಈ ಕ್ಷೇತ್ರದಲ್ಲಿ ಬೆಂಗಳೂರಿಗೂ ಒಂದು ಪಾಲಿದೆ. ಅಲ್ಲಿ ಹುಟ್ಟಿದ, ಅಲ್ಲಿನ ನೆಹರೂ ತಾರಾಲಯವನ್ನು ಕಟ್ಟಿ ಬೆಳೆಸಿದ ಸಿ. ವಿ. ವಿಶ್ವೇಶ್ವರ ಅವರು 1970ರಲ್ಲಿ, ಕಲಕಲ್ಪಟ್ಟ ಕೃಷ್ಣವಿವರವು ಹೊಡೆದ ಗಂಟೆಯಂತೆ ಮಿಡಿದು ಬೇಗನೆ ಸುಮ್ಮನಾಗುತ್ತದೆಂದು ಗಣಿತದಿಂದ ತೋರಿಸಿದರು. 2015ರ ಸೆಪ್ಟೆಂಬರಿನಲ್ಲಿ ಅಮೆರಿಕೆಯ ಲೈಗೊ ಉಪಕರಣಗಳಿಗೆ ಸಿಕ್ಕಿದ ಮೊದಲ ಗುರುತ್ವತರಂಗದ ಬಾಲದಲ್ಲಿ ಆ ಬಗೆಯ ಮಿಡಿತವೇ ಇದ್ದಿತು. ಅದನ್ನು ಕಂಡು 2017ರಲ್ಲಿ ಅವರು ತೀರಿಕೊಂಡರು.

ಇನ್ನು ಕಲ್ಪಿತವಲ್ಲದ ಉದಾಹರಣೆ. ನಮ್ಮ ಆಕಾಶಗಂಗೆಯ ನಡುವೆ, ಸುಮಾರು 26,000 ಜ್ಯೋತಿರ್ವರ್ಷಗಳ ದೂರದಲ್ಲಿ, ನಲವತ್ತು ಲಕ್ಷಕ್ಕೂ ಮಿಕ್ಕಿದ ಸೂರ್ಯರ ತೂಕವುಳ್ಳ ಕೃಷ್ಣವಿವರವೊಂದಿದೆ. ಎಸ್-2 ಎಂಬ ನಕ್ಷತ್ರವು ಅದನ್ನು ಸುಮಾರು 16 ವರ್ಷಕ್ಕೊಮ್ಮೆ ಸುತ್ತುತ್ತದೆ. 2018ರ ಮೇ ತಿಂಗಳಿನಲ್ಲಿ ಅದು ವಿವರಕ್ಕೆ ಅತ್ಯಂತ ಸಮೀಪವಾದಾಗ ಚಿಲಿ ದೇಶದ ದೂರದರ್ಶಕಗಳಿಂದ ಅದರ ಬೆಳಕನ್ನು ಅಳೆದರು. ಗುರುತ್ವವೂ ವೇಗವೂ ಕೂಡಿ ಆ ನಕ್ಷತ್ರದ ಕಾಲವು ನಮ್ಮದಕ್ಕಿಂತ ಗಂಟೆಗೆ ಎರಡು ಸೆಕೆಂಡಿಗೆ ತುಸು ಮಿಕ್ಕು ಹಿಂದೆ ಬೀಳುತ್ತಿತ್ತು.