ವಿಕ್ಟೋರಿಯ ಯುಗದ ಆಂಗ್ಲ ಮಹಿಳೆಯರೂ ಸಾರ್ವಜನಿಕ ಜೀವನವೂ

1837ನೆಯ ಇಸವಿಯಲ್ಲಿ ಹದಿನೆಂಟು ವರ್ಷದ ತರುಣಿಯೊಬ್ಬಳು ಬ್ರಿಟನ್ನಿನ ಸಿಂಹಾಸನವನ್ನೇರಿದಳು. ಅಂದಿನಿಂದ 1901ರವರೆಗೆ, ಅರವತ್ತಮೂರು ವರ್ಷಗಳಿಗೂ ಮಿಗಿಲಾಗಿ, ಆ ರಾಜ್ಯದ ಶಾಸನಗಳೆಲ್ಲವೂ ಆಕೆಯ ಹೆಸರಿನಲ್ಲಿ ಹೊರಟವು. ಮಂತ್ರಿಗಳು ಆಕೆಯ ಕೈಗೆ ಮುತ್ತಿಟ್ಟು ಅಧಿಕಾರವನ್ನು ವಹಿಸಿಕೊಂಡರು. ಆದರೆ ಅದೇ ರಾಣಿಯ ಪ್ರಜೆಯಾದ ಒಬ್ಬ ಸ್ತ್ರೀಯು ಮದುವೆಯಾದ ಗಳಿಗೆಯಿಂದ ನ್ಯಾಯಶಾಸ್ತ್ರದ ದೃಷ್ಟಿಯಲ್ಲಿ ಪ್ರತ್ಯೇಕ ವ್ಯಕ್ತಿಯೇ ಆಗಿರಲಿಲ್ಲ. ಗಂಡ ಹೆಂಡಿರಿಬ್ಬರೂ ಒಂದೇ ವ್ಯಕ್ತಿ ಎಂಬುದು ಆ ದೇಶದ ನ್ಯಾಯಸೂತ್ರ. ಆ ಒಂದು ವ್ಯಕ್ತಿ ಗಂಡನೇ ಎಂಬುದು ಅದರ ಅರ್ಥ. ಅವಳ ನಗನಾಣ್ಯ ಅವನದು. ಅವಳು ದುಡಿದು ತಂದ ಕೂಲಿಯೂ ಅವನದು. ಅವಳು ಹೆತ್ತ ಮಕ್ಕಳೂ ಅವನವರು. ಅವಳು ತನ್ನ ಹೆಸರಿನಲ್ಲಿ ಕರಾರು ಮಾಡುವಂತಿರಲಿಲ್ಲ. ಗಂಡನ ಒಪ್ಪಿಗೆಯಿಲ್ಲದೆ ಮರಣಶಾಸನವನ್ನೂ ಬರೆದಿಡುವಂತಿರಲಿಲ್ಲ.

ಇಂತಹ ಸ್ಥಿತಿಯಲ್ಲಿದ್ದವರು ಸಾರ್ವಜನಿಕ ಜೀವನವನ್ನು ಪ್ರವೇಶಿಸಿದುದು ಹೇಗೆ? ಸ್ತ್ರೀಯರ ಹಕ್ಕು ಎಂದೊಡನೆ ನಾವು ಪಾರ್ಲಿಮೆಂಟಿನ ಓಟನ್ನು ನೆನೆಯುತ್ತೇವೆ. ಆದರೆ ಆ ಹೆಬ್ಬಾಗಿಲು ವಿಕ್ಟೋರಿಯ ರಾಣಿಯ ಕಾಲದಲ್ಲಿ ತೆರೆಯಲೇ ಇಲ್ಲ. ಅವರು ಬಂದುದು ಹಿತ್ತಿಲ ಬಾಗಿಲಿನಿಂದ. ಎಂದರೆ ಶಾಲೆ, ಆಸ್ಪತ್ರೆ, ಬಡವರ ಆಶ್ರಯಗಳ ಕೆಲಸದ ಮೂಲಕ. ಆ ದಾರಿಯ ಲಾಭವೇನು, ಅದರ ಮಿತಿಯೇನು ಎಂಬುದನ್ನು ಈ ದಿನ ಶ್ರೋತೃಗಳ ಮುಂದಿಡಬೇಕೆಂದಿದ್ದೇನೆ.

ಮೊದಲು ಒಬ್ಬ ತಾಯಿಯ ಕಥೆ. ಕೆರೊಲೈನ್ ನಾರ್ಟನ್ ಎಂಬಾಕೆ ಹೆಸರಾಂತ ಲೇಖಕಿ. 1836ರಲ್ಲಿ ಆಕೆಯ ಸಂಸಾರ ಒಡೆಯಿತು. ಗಂಡನು ಮೂವರು ಗಂಡುಮಕ್ಕಳನ್ನೂ ಆಕೆಯಿಂದ ದೂರಮಾಡಿದನು; ಅಷ್ಟಕ್ಕೆ ನಿಲ್ಲದೆ, ಪ್ರಧಾನಮಂತ್ರಿಯಾಗಿದ್ದ ಮೆಲ್ಬರ್ನ್ ಪ್ರಭುವಿನ ಮೇಲೆ ತನ್ನ ಹೆಂಡತಿಯ ಸಂಬಂಧವಾಗಿ ದಾವೆ ಹೂಡಿದನು. ದಾವೆ ಬಿದ್ದುಹೋಯಿತು. ಆದರೆ ಯಾರ ಮಾನವು ಆ ನ್ಯಾಯಸ್ಥಾನದಲ್ಲಿ ಪಣಕ್ಕೆ ಬಿದ್ದಿತ್ತೋ ಆ ಹೆಂಗಸಿಗೆ ಅಲ್ಲಿ ಬಾಯಿ ಬಿಡುವ ಅಧಿಕಾರವಿರಲಿಲ್ಲ; ಆಕೆ ಆ ವ್ಯಾಜ್ಯದ ವಾದಿಯೂ ಅಲ್ಲ, ಪ್ರತಿವಾದಿಯೂ ಅಲ್ಲ. ನ್ಯಾಯಸ್ಥಾನದಲ್ಲಿ ಆಡಲಾಗದ ಮಾತನ್ನು ಆಕೆ ಲೇಖನಿಯಿಂದ ಆಡಿದಳು. ಆಕೆಯ ಕಿರುಹೊತ್ತಗೆಗಳ ಫಲವಾಗಿ 1839ರಲ್ಲಿ ಮಕ್ಕಳ ಪಾಲನೆಯ ಕಾಯಿದೆ ಬಂದಿತು. ಏಳು ವರ್ಷದೊಳಗಿನ ಮಕ್ಕಳನ್ನು ತನ್ನ ವಶಕ್ಕೆ ಕೊಡಬೇಕೆಂದು ತಾಯಿಯು ನ್ಯಾಯಸ್ಥಾನವನ್ನು ಬೇಡಿಕೊಳ್ಳಬಹುದು ಎಂಬಷ್ಟೇ ಅದರ ಸಾರ. ಆಕೆಯ ಮಕ್ಕಳಾದರೋ ಆಗ ಸ್ಕಾಟ್ಲೆಂಡಿನಲ್ಲಿದ್ದರು. ಆ ಕಾಯಿದೆ ಅಲ್ಲಿಗೆ ಸಲ್ಲುತ್ತಿರಲಿಲ್ಲ. ಬೇರೆ ತಾಯಂದಿರಿಗೆ ಬಾಗಿಲು ತೆರೆಸಿದಾಕೆ ತಾನು ಹೊರಗೇ ನಿಂತಳು.

ನಾರ್ಟನ್ನಳದು ಒಂಟಿ ದನಿ. ಸಂಘಟಿತವಾದ ಪ್ರಯತ್ನ ಮೊದಲಾದುದು ಸುಮಾರು ಹದಿನೈದು ವರ್ಷಗಳ ತರುವಾಯ. 1854ರಲ್ಲಿ ಬಾರ್ಬರ ಲೀ ಸ್ಮಿತ್ ಎಂಬ ಯುವತಿಯು ಸ್ತ್ರೀಯರಿಗೆ ಸಂಬಂಧಪಟ್ಟ ಕಾಯಿದೆಗಳನ್ನೆಲ್ಲ ಸರಳವಾದ ಮಾತಿನಲ್ಲಿ ಸಂಗ್ರಹಿಸಿ ಒಂದು ಚಿಕ್ಕ ಪುಸ್ತಕವಾಗಿ ಅಚ್ಚು ಹಾಕಿಸಿದಳು. ಅದರಲ್ಲಿ ಆವೇಶವಿರಲಿಲ್ಲ, ಇದ್ದುದನ್ನು ಇದ್ದಂತೆ ಹೇಳಿದ್ದಳು, ಅಷ್ಟೆ. ಓದಿದವರಿಗೆ ಅದೇ ಸಾಕಾಯಿತು. 1856ರಲ್ಲಿ, ವಿವಾಹಿತ ಸ್ತ್ರೀಯ ಸ್ವತ್ತು ಅವಳದೇ ಆಗಬೇಕೆಂದು ಬೇಡುವ ಅರ್ಜಿಗಳು ಸುಮಾರು 26,000 ಸಹಿಗಳೊಡನೆ ಪಾರ್ಲಿಮೆಂಟನ್ನು ಮುಟ್ಟಿದವು. ಅವುಗಳ ಪೂರ್ಣಫಲಕ್ಕೆ ಇಪ್ಪತ್ತಾರು ವರ್ಷ ಕಾಯಬೇಕಾಯಿತು: 1870ರ ಕಾಯಿದೆ ಹೆಂಡತಿಯ ದುಡಿಮೆಯನ್ನು ಅವಳಿಗೆ ಬಿಟ್ಟುಕೊಟ್ಟಿತು, 1882ರ ಕಾಯಿದೆ ಅವಳ ಸ್ವತ್ತೆಲ್ಲವನ್ನೂ ಅವಳದೆಂದು ಒಪ್ಪಿತು. ತನ್ನ ಗಂಟು ತನ್ನ ಕೈಯಲ್ಲಿಲ್ಲದವರು ಊರಿನ ಗಂಟನ್ನು ಕುರಿತು ಮಾತನಾಡುವುದೆಂತು? ಆದುದರಿಂದ ಈ ಹೋರಾಟವನ್ನು ಮನೆಯೊಳಗಿನ ವಿಷಯವೆಂದು ತಳ್ಳಿಬಿಡಲಾಗದು. ಸಾರ್ವಜನಿಕ ಜೀವನಕ್ಕೆ ಇದೇ ಅಡಿಗಲ್ಲು.

ಇನ್ನು ಓಟಿನ ಮಾತು. 1866ರ ಜೂನ್ ತಿಂಗಳಲ್ಲಿ ಎಮಿಲಿ ಡೇವೀಸ್, ಎಲಿಜಬೆತ್ ಗ್ಯಾರೆಟ್ ಎಂಬ ಇಬ್ಬರು ಗೆಳತಿಯರು ದೊಡ್ಡದೊಂದು ಕಾಗದದ ಸುರುಳಿಯನ್ನು ಹೊತ್ತು ವೆಸ್ಟ್‌ಮಿನ್‌ಸ್ಟರಿನ ಮಹಾಮಂದಿರಕ್ಕೆ ಬಂದರು. ಸ್ತ್ರೀಯರಿಗೂ ಓಟು ಬೇಕೆಂದು ಸುಮಾರು ಸಾವಿರದೈನೂರು ಮಂದಿ ಹೆಂಗಸರು ಸಹಿ ಮಾಡಿದ ಅರ್ಜಿ ಅದು. ಪಾರ್ಲಿಮೆಂಟಿನ ಸದಸ್ಯನೂ ತತ್ತ್ವಜ್ಞನೂ ಆದ ಜಾನ್ ಸ್ಟುಅರ್ಟ್ ಮಿಲ್ಲನಿಗೆ ಅದನ್ನು ಒಪ್ಪಿಸಬೇಕಾಗಿತ್ತು. ಅವನು ಬರುವವರೆಗೆ ಅಷ್ಟು ದೊಡ್ಡ ಸುರುಳಿಯನ್ನು ಹಿಡಿದು ಎಲ್ಲರ ಕಣ್ಣಿಗೆ ಬೀಳುವಂತೆ ನಿಲ್ಲಲು ಸಂಕೋಚಪಟ್ಟು, ಅಲ್ಲಿಯೇ ಸೇಬು ಮಾರುತ್ತ ಕುಳಿತಿದ್ದವಳೊಬ್ಬಳನ್ನು ಕೇಳಿಕೊಂಡು ಅವಳ ಮೇಜಿನ ಕೆಳಗೆ ಅದನ್ನು ಬಚ್ಚಿಟ್ಟರು. ಸಾರ್ವಜನಿಕ ಜೀವನದ ಹೊಸ್ತಿಲಲ್ಲಿ ನಿಂತವರ ಅಂಜಿಕೆಯೂ ಹಟವೂ ಈ ಒಂದು ಸಣ್ಣ ಸಂಗತಿಯಲ್ಲಿ ಒಟ್ಟಿಗೇ ಕಾಣುತ್ತವೆ.

ಮಾರನೆಯ ವರ್ಷ ಸುಧಾರಣೆಯ ಮಸೂದೆ ಚರ್ಚೆಗೆ ಬಂದಾಗ, ಅದರಲ್ಲಿ ‘ಪುರುಷ’ ಎಂದಿರುವಲ್ಲಿ ‘ವ್ಯಕ್ತಿ’ ಎಂದು ತಿದ್ದಬೇಕೆಂದು ಮಿಲ್ಲನು ಸೂಚಿಸಿದನು. ಒಂದೇ ಒಂದು ಮಾತಿನ ತಿದ್ದುಪಡಿ. 73 ಮಂದಿ ಅದರ ಪರವಾಗಿಯೂ 196 ಮಂದಿ ವಿರೋಧವಾಗಿಯೂ ನಿಂತರು. ಸೂಚನೆ ಸೋತಿತು, ಆದರೂ ಸ್ತ್ರೀಯು ವ್ಯಕ್ತಿಯೋ ಅಲ್ಲವೋ ಎಂಬ ಪ್ರಶ್ನೆ ರಾಜ್ಯದ ಪರಮಸಭೆಯಲ್ಲಿ ಬಹಿರಂಗವಾಗಿ ಎದ್ದು ನಿಂತಿತು.

ಆ ವರ್ಷದ ಕೊನೆಯಲ್ಲಿಯೇ ಒಂದು ಚೋದ್ಯ ನಡೆಯಿತು. ಮ್ಯಾಂಚೆಸ್ಟರಿನಲ್ಲಿ ಅಂಗಡಿ ಇಟ್ಟುಕೊಂಡಿದ್ದ ಲಿಲಿ ಮ್ಯಾಕ್ಸ್‌ವೆಲ್ ಎಂಬಾಕೆಯ ಹೆಸರು ಹೇಗೋ ತಪ್ಪಿನಿಂದ ಮತದಾರರ ಪಟ್ಟಿಯಲ್ಲಿ ಸೇರಿಹೋಗಿತ್ತು. ಪಟ್ಟಿಯಲ್ಲಿ ಹೆಸರಿದ್ದ ಮೇಲೆ ಓಟನ್ನು ನಿರಾಕರಿಸುವ ಹಾಗಿರಲಿಲ್ಲ. ಆಕೆ ಹೋಗಿ ಓಟು ಕೊಟ್ಟು ಬಂದಳು. ಇದನ್ನು ಕಂಡು ಅದೇ ನಗರದ ಐದು ಸಾವಿರಕ್ಕೂ ಹೆಚ್ಚು ಹೆಂಗಸರು ತಮ್ಮ ಹೆಸರನ್ನೂ ಸೇರಿಸಬೇಕೆಂದು ಕೇಳಿದರು. ಕಾಯಿದೆಗಳಲ್ಲಿ ಪುಲ್ಲಿಂಗದ ಮಾತು ಸ್ತ್ರೀಲಿಂಗವನ್ನೂ ಒಳಗೊಳ್ಳತಕ್ಕದ್ದೆಂದು 1850ರಲ್ಲಿಯೇ ಶಾಸನವಾಗಿತ್ತು. ಅವರ ವಾದಕ್ಕೆ ಅದೇ ಆಧಾರ. 1868ರಲ್ಲಿ ನ್ಯಾಯಾಧೀಶರು ಈ ವಾದವನ್ನು ತಳ್ಳಿಹಾಕಿದರು. ತೆರಿಗೆ ಸಲ್ಲಿಸುವಲ್ಲಿ ‘ಅವನು’ ಎಂದರೆ ‘ಅವಳು’ ಎಂದೂ ಅರ್ಥ. ಓಟು ಕೊಡುವಲ್ಲಿ ಮಾತ್ರ ‘ಅವನು’ ಎಂದರೆ ‘ಅವನು’ ಮಾತ್ರ! ವ್ಯಾಕರಣವು ಇಷ್ಟು ಕ್ರೂರವಾದುದು ಅಪರೂಪ.

ಹೆಬ್ಬಾಗಿಲು ಹೀಗೆ ಮುಚ್ಚಿಕೊಂಡಿತು. ಅಷ್ಟರಲ್ಲಿ ಹಿತ್ತಿಲ ಬಾಗಿಲುಗಳು ಒಂದೊಂದಾಗಿ ತೆರೆದವು. 1869ರಲ್ಲಿ, ತೆರಿಗೆ ಕೊಡುವ ಸ್ತ್ರೀಯರಿಗೆ ಪುರಸಭೆಗಳ ಚುನಾವಣೆಯಲ್ಲಿ ಓಟು ದೊರೆಯಿತು. ಆದರೆ ಆ ಹಕ್ಕು ಅವಿವಾಹಿತೆಯರಿಗೂ ವಿಧವೆಯರಿಗೂ ಮಾತ್ರ ಸಲ್ಲುವುದೆಂದು 1872ರಲ್ಲಿ ನ್ಯಾಯಸ್ಥಾನ ತೀರ್ಪಿತ್ತಿತು. ನಮ್ಮಲ್ಲಿ ಸುಮಂಗಲಿಗೆ ಮೊದಲ ಮಣೆ; ಆ ದೇಶದ ಮತದಾನದಲ್ಲಿ ಸುಮಂಗಲಿಗೇ ಮಣೆಯಿಲ್ಲ.

1870ರಲ್ಲಿ ಪ್ರಾಥಮಿಕ ವಿದ್ಯಾಭ್ಯಾಸದ ಕಾಯಿದೆ ಬಂದು, ಚುನಾಯಿತವಾದ ಶಾಲಾಮಂಡಲಿಗಳು ಏರ್ಪಟ್ಟವು. ಅವುಗಳಿಗೆ ಸ್ತ್ರೀಯರು ಓಟು ಕೊಡಲೂಬಹುದು, ಅಭ್ಯರ್ಥಿಗಳಾಗಿ ನಿಲ್ಲಲೂಬಹುದು. ಸೇಬು ಮಾರುವವಳ ಮೇಜಿನ ಕೆಳಗೆ ಅರ್ಜಿಯನ್ನು ಬಚ್ಚಿಟ್ಟ ಆ ಇಬ್ಬರು ಗೆಳತಿಯರೂ ಆ ವರ್ಷ ಲಂಡನ್ನಿನ ಶಾಲಾಮಂಡಲಿಗೆ ನಿಂತರು, ಇಬ್ಬರೂ ಗೆದ್ದರು. ಗ್ಯಾರೆಟ್ಟಳು ಅಷ್ಟು ಹೊತ್ತಿಗೆ ವೈದ್ಯಳಾಗಿದ್ದಳು. ಮಾರಿಲ್‌ಬೋನ್ ಭಾಗದಲ್ಲಿ ಆಕೆಗೆ 47,000ಕ್ಕೂ ಹೆಚ್ಚು ಓಟುಗಳು ಬಂದವು. ಆ ಚುನಾವಣೆಯಲ್ಲಿ ಸ್ಥಾನಗಳೆಷ್ಟೋ ಅಷ್ಟು ಓಟುಗಳು ಒಬ್ಬೊಬ್ಬ ಮತದಾರನಿಗೂ ಇದ್ದು, ಬೇಕಾದರೆ ಅವನು ಅವೆಲ್ಲವನ್ನೂ ಒಬ್ಬರಿಗೇ ಕೊಡಬಹುದಾಗಿತ್ತೆಂಬುದು ನಿಜ. ಆದರೂ ಅಲ್ಲಿ ಆಕೆಗೆ ಎರಡನೆಯವನಾಗಿ, ಬಹಳ ಹಿಂದೆ ಉಳಿದವನು ಜಗದ್ವಿಖ್ಯಾತ ವಿಜ್ಞಾನಿಯಾದ ಹಕ್ಸ್‌ಲೀ ಎಂದರೆ ಆ ಜಯದ ತೂಕ ತಿಳಿದೀತು. ಅದೇ ಕಾಲದಲ್ಲಿ ಮ್ಯಾಂಚೆಸ್ಟರಿನ ಶಾಲಾಮಂಡಲಿಗೆ ಲಿಡಿಯ ಬೆಕರ್ ಎಂಬಾಕೆ ಆಯ್ಕೆಯಾದಳು.

ಬಡವರ ಸಂರಕ್ಷಣೆಯ ಕಥೆಯೂ ಹೀಗೆಯೇ. ನಿರ್ಗತಿಕರನ್ನು ಇರಿಸುತ್ತಿದ್ದ ವರ್ಕ್‌ಹೌಸುಗಳ ಆಡಳಿತ ಆಯಾ ಪ್ರದೇಶದ ಪಾಲಕಮಂಡಲಿಗಳ ಕೈಯಲ್ಲಿತ್ತು. ಲೂಯಿಸ ಟ್ವೈನಿಂಗ್ ಎಂಬಾಕೆ ಪರಿಚಯದ ಮುದುಕಿಯೊಬ್ಬಳನ್ನು ನೋಡಲು ಅಂತಹ ಒಂದು ಮನೆಗೆ ಹೋದಳು. ಅಲ್ಲಿ ರೋಗಿಗಳೂ ಮುದುಕರೂ ಅನಾಥಶಿಶುಗಳೂ ಒಂದೇ ಸೂರಿನಡಿ ನರಳುತ್ತಿದ್ದುದನ್ನು ಕಂಡಳು. ಇತರ ಮಹಿಳೆಯರನ್ನೂ ಸೇರಿಸಿಕೊಂಡು ಅಲ್ಲಿಗೆ ಭೇಟಿಕೊಡುವ ಸಂಘವೊಂದನ್ನು 1858ರಲ್ಲಿ ಕಟ್ಟಿದಳು. ಭೇಟಿ ಕೊಡಬಹುದು, ಮರುಗಬಹುದು. ಆದರೆ ರೋಗಿಗಳಿಗೆ ತಕ್ಕ ದಾದಿಯರು ಬೇಕೆಂದಾಗ ಅಪ್ಪಣೆ ಕೊಡಬೇಕಾದವರು ಮಂಡಲಿಯ ಗಂಡಸರು. ಕರುಣೆಗೂ ಅಧಿಕಾರಕ್ಕೂ ನಡುವಣ ಅಂತರ ಆಗ ಅರಿವಾಯಿತು. 1875ರಲ್ಲಿ ಲಂಡನ್ನಿನ ಕೆನ್ಸಿಂಗ್‌ಟನ್ನಿನಲ್ಲಿ ಮಾರ್ತ ಮೆರಿಂಗ್‌ಟನ್ ಎಂಬಾಕೆ ಪಾಲಕಮಂಡಲಿಗೆ ಆಯ್ಕೆಯಾದ ಮೊದಲ ಮಹಿಳೆಯಾದಳು. ಕೆಲವು ವರ್ಷಗಳ ಮೇಲೆ ಟ್ವೈನಿಂಗಳೂ ಅದೇ ಮಂಡಲಿಯ ಸದಸ್ಯೆಯಾದಳು. 1894ರ ಕಾಯಿದೆಯಿಂದ ಸ್ವತ್ತಿನ ನಿಬಂಧನೆ ತೊಲಗಿ, ವಿವಾಹಿತೆಯರಿಗೂ ದಾರಿಯಾಯಿತು. ಮರುವರ್ಷದೊಳಗೆ ಇಂಗ್ಲೆಂಡಿನ ಪಾಲಕಮಂಡಲಿಗಳಲ್ಲಿ ಎಂಟುನೂರಕ್ಕೂ ಹೆಚ್ಚು ಮಹಿಳೆಯರಿದ್ದರು.

ಈ ಸೌಮ್ಯವಾದ ದಾರಿಯಿಂದ ಬೇರೆಯಾದ ಇನ್ನೊಂದು ಹೋರಾಟವನ್ನೂ ಹೇಳಬೇಕು. ಸೈನ್ಯದ ಆರೋಗ್ಯವೆಂಬ ನೆಪದಲ್ಲಿ 1864, 1866, 1869ರಲ್ಲಿ ಆದ ಕಾಯಿದೆಗಳು, ಕೆಲವು ಊರುಗಳಲ್ಲಿ ಸಂಶಯಕ್ಕೆ ಸಿಕ್ಕಿದ ಯಾವ ಬಡಹೆಂಗಸನ್ನಾದರೂ ಬಲವಂತದ ಪರೀಕ್ಷೆಗೆ ಗುರಿಮಾಡುವ ಅಧಿಕಾರವನ್ನು ಪೋಲೀಸರಿಗೆ ಕೊಟ್ಟವು. ಗಂಡಸನ್ನು ಯಾರೂ ಕೇಳುವಂತಿರಲಿಲ್ಲ. ಕುಲೀನ ಸ್ತ್ರೀಯರು ಹೆಸರೆತ್ತಲೂ ನಾಚುತ್ತಿದ್ದ ಈ ವಿಷಯವನ್ನು ಜೋಸೆಫೀನ್ ಬಟ್ಲರ್ ಎಂಬ ಗೃಹಿಣಿಯು ಬಹಿರಂಗಸಭೆಗಳಲ್ಲಿ ಎತ್ತಿ ಆಡಿದಳು; ನಿಂದೆಯನ್ನೂ ಪುಂಡರ ದಾಳಿಯನ್ನೂ ಸಹಿಸಿದಳು. 1886ರಲ್ಲಿ ಆ ಕಾಯಿದೆಗಳು ರದ್ದಾದವು. ಅಬಲೆಯಾದ ಇನ್ನೊಬ್ಬ ಹೆಂಗಸಿನ ಮಾನಕ್ಕಾಗಿ ತನ್ನ ಮಾನವನ್ನು ಒಡ್ಡಿದ ಆಕೆಯದು ಸಾರ್ವಜನಿಕ ಧೈರ್ಯದ ಪರಮಾವಧಿ.

ಈಗ ಹಿತ್ತಿಲ ಬಾಗಿಲಿನ ಮಿತಿಯನ್ನು ನೋಡೋಣ. ಶಾಲೆಯೂ ಆಸ್ಪತ್ರೆಯೂ ಮನೆಯ ಕೆಲಸದ ವಿಸ್ತಾರವೇ, ಆದುದರಿಂದ ಅಲ್ಲಿ ಸ್ತ್ರೀಯರಿರುವುದು ಸರಿ ಎಂಬ ವಾದವೇ ಅವರನ್ನು ಒಳಗೆ ಬಿಟ್ಟಿತ್ತು. ಅದೇ ವಾದ ಅವರನ್ನು ಅಲ್ಲಿಯೇ ಕಟ್ಟಿಹಾಕಿತು. 1889ರಲ್ಲಿ, ಸ್ತ್ರೀಯರಿಗೆ ಪಾರ್ಲಿಮೆಂಟಿನ ಓಟು ಬೇಡವೆಂದು ಹೆಸರಾಂತ ಮಹಿಳೆಯರೇ ಒಂದು ವಿಜ್ಞಾಪನೆಯನ್ನು ಪ್ರಕಟಿಸಿದರು. ಕಾದಂಬರಿಕಾರ್ತಿ ಶ್ರೀಮತಿ ಹಂಫ್ರಿ ವಾರ್ಡ್ ಅವರಲ್ಲಿ ಮುಖ್ಯಳು. ಶಾಲಾಮಂಡಲಿ, ಪಾಲಕಮಂಡಲಿಗಳಲ್ಲಿ ಸ್ತ್ರೀಯರು ಮಾಡುವ ಕೆಲಸವನ್ನು ಅವರು ಮನಸಾರೆ ಮೆಚ್ಚಿದರು. ಯುದ್ಧ, ವಾಣಿಜ್ಯ, ಸಾಮ್ರಾಜ್ಯಗಳ ವಿಚಾರ ಮಾತ್ರ ಪುರುಷರಿಗಿರಲಿ ಎಂದರು. ವಿಕ್ಟೋರಿಯ ರಾಣಿಯೂ ಸ್ತ್ರೀಯರ ಹಕ್ಕಿನ ಚಳವಳಿಯನ್ನು ಕಟುವಾಗಿ ವಿರೋಧಿಸಿದ್ದಳು.

ಅದೇ ವರ್ಷ ಲಂಡನ್ನಿನ ಕೌಂಟಿ ಕೌನ್ಸಿಲಿಗೆ ಮೊದಲ ಚುನಾವಣೆ. ಲೇಡಿ ಸ್ಯಾಂಡ್‌ಹರ್ಸ್ಟ್, ಜೇನ್ ಕಾಬ್ಡೆನ್ ಎಂಬ ಇಬ್ಬರು ಗೆದ್ದುಬಂದರು. ಸ್ಯಾಂಡ್‌ಹರ್ಸ್ಟಳ ಎದುರು ಸೋತವನು ನ್ಯಾಯಸ್ಥಾನಕ್ಕೆ ಹೋದನು. ಸ್ತ್ರೀಯು ಸದಸ್ಯಳಾಗಬಹುದೆಂದು ಕಾಯಿದೆ ಸ್ಪಷ್ಟವಾಗಿ ಹೇಳಿಲ್ಲ, ಆದುದರಿಂದ ಆಗುವಂತಿಲ್ಲ ಎಂದು ತೀರ್ಪಾಯಿತು. ಸೋತವನೇ ಆಕೆಯ ಸ್ಥಾನದಲ್ಲಿ ಕುಳಿತನು. ಕಾಬ್ಡೆನ್ನಳು, ಆಯ್ಕೆಯನ್ನು ಪ್ರಶ್ನಿಸುವ ಅವಧಿ ಕಳೆಯುವವರೆಗೂ ಹಲವು ತಿಂಗಳು ಓಟು ಹಾಕದೆ ಕಾದಳು. ಆಮೇಲೆ ಓಟು ಹಾಕಿದಾಗ ದಂಡಕ್ಕೆ ಗುರಿಯಾದಳು. ಜನರು ಆರಿಸಿದ್ದರು, ಕಾಯಿದೆ ಒಪ್ಪಲಿಲ್ಲ. ಆ ತೊಡಕು ನಿವಾರಣೆಯಾದುದು ರಾಣಿಯ ಕಾಲ ಮುಗಿದ ಮೇಲೆ, 1907ರಲ್ಲಿ.

ಹಾಗಾದರೆ ಹಿತ್ತಿಲ ಬಾಗಿಲು ವ್ಯರ್ಥವಾಯಿತೇ? ಹಾಗೆ ಹೇಳಲಾರೆ. ಸಭೆಯಲ್ಲಿ ಲೆಕ್ಕಪತ್ರ ಓದುವುದು, ವಿರೋಧಿಯ ಮಾತಿಗೆ ಉತ್ತರಕೊಡುವುದು, ಸೋತು ಮತ್ತೆ ನಿಲ್ಲುವುದು—ಇವುಗಳನ್ನೆಲ್ಲ ಸ್ತ್ರೀಯರು ಕಲಿತುದು ಆ ಮಂಡಲಿಗಳಲ್ಲಿ. ಸ್ತ್ರೀಯು ಕುರ್ಚಿಯ ಮೇಲೆ ಕುಳಿತರೆ ಲೋಕವೇನೂ ಮುಳುಗದೆಂಬುದನ್ನು ಪುರುಷರು ಕಲಿತುದೂ ಅಲ್ಲಿಯೇ. ಆದರೆ ಸೇವೆಗಾಗಿ ದೊರೆತ ಸ್ಥಾನ ಬೇರೆ, ವ್ಯಕ್ತಿಯಾದುದರಿಂದಲೇ ಸಲ್ಲುವ ಹಕ್ಕು ಬೇರೆ. ಮೊದಲನೆಯದನ್ನು ಕೊಟ್ಟವರು ಹಿಂದಕ್ಕೆ ತೆಗೆದುಕೊಳ್ಳಬಹುದು. ಮಿಲ್ಲನು ಒಂದು ಮಾತನ್ನು ತಿದ್ದಹೊರಟುದು ಎರಡನೆಯದಕ್ಕಾಗಿ.

1918ರ ಫೆಬ್ರವರಿಯಲ್ಲಿ, ಮೂವತ್ತು ವರ್ಷ ತುಂಬಿ ಸ್ವತ್ತಿನ ನಿಬಂಧನೆಗೊಳಪಟ್ಟ ಸ್ತ್ರೀಯರಿಗೆ ಪಾರ್ಲಿಮೆಂಟಿನ ಓಟು ದೊರೆಯಿತು. ಪುರುಷರೊಡನೆ ಸರಿಸಮಾನವಾದ ಹಕ್ಕಿಗೆ 1928ರವರೆಗೆ ಕಾಯಬೇಕಾಯಿತು. ಅರ್ಜಿ ಹೊತ್ತು ತಂದಿದ್ದ ಇಬ್ಬರಲ್ಲಿ ಎಲಿಜಬೆತ್ ಗ್ಯಾರೆಟ್ 1917ರ ಡಿಸೆಂಬರಿನಲ್ಲಿ, ಕೆಲವೇ ವಾರಗಳ ಮೊದಲು, ತೀರಿಕೊಂಡಿದ್ದಳು. ಎಮಿಲಿ ಡೇವೀಸ್ ಇನ್ನೂ ಇದ್ದಳು. ಸೇಬಿನ ಮೇಜಿನ ಕೆಳಗೆ ಸುರುಳಿಯನ್ನು ಬಚ್ಚಿಟ್ಟ ಐವತ್ತೆರಡು ವರ್ಷಗಳ ತರುವಾಯ, ಎಂಬತ್ತೆಂಟು ವರ್ಷದ ಆ ವೃದ್ಧೆ 1918ರ ಚುನಾವಣೆಯಲ್ಲಿ ತನ್ನ ಓಟನ್ನು ತಾನೇ ಕೊಟ್ಟಳು.