ಹಾವಿನ ವಿಷ ಮತ್ತು ಜೀವಕೋಶದ ಬಾಗಿಲು

(ಸಂಘದ ವಾರ್ಷಿಕೋತ್ಸವದಲ್ಲಿ ಮಾಡಿದ ಭಾಷಣ)



ರಾಯದುರ್ಗ, ಮಡಕಶಿರಾ ಕಡೆ ಕಡ್ಲೆಕಾಯಿ ಕೀಳೋ ಕಾಲ ಬಂತಂದ್ರೆ ಹೊಲದಲ್ಲಿ ಬರಿಗೈ, ಬರಿಗಾಲಲ್ಲಿ ಇರೋರು ಕೂಲಿಯವರು, ಅಂದ್ರೆ ನಮ್ಮವರೇ. ಹಾವು ಕಚ್ಚೋದೂ ಹೆಚ್ಚಾಗಿ ಇಂಥವರನ್ನೇ. ಹಾಗಾಗಿ ವಿಷ ಮೈಯೊಳಗೆ ಏನು ಮಾಡುತ್ತೆ ಅನ್ನೋದು ನಮಗೆ ಗೊತ್ತಿರಬೇಕು.

ನಮ್ಮ ಪ್ರತಿ ಜೀವಕೋಶದ ಸುತ್ತ ಕೊಬ್ಬಿನ ತೆಳು ಪೊರೆ ಇದೆ. ಸೋಡಿಯಂ, ಪೊಟ್ಯಾಸಿಯಂನಂಥ ವಿದ್ಯುತ್ ಹೊತ್ತ ಕಣಗಳಿಗೆ ಅಯಾನು ಅಂತಾರೆ. ಇವು ಕೊಬ್ಬನ್ನು ದಾಟಲಾರವು. ಅದಕ್ಕೆ ಪೊರೆಯಲ್ಲಿ ಪ್ರೋಟೀನಿನ ಪುಟ್ಟ ಬಾಗಿಲುಗಳಿವೆ. ಇವೇ ಅಯಾನ್ ಚಾನೆಲ್.

ಕೈ ಎತ್ತಬೇಕು ಅಂದಾಗ ನರದ ತುದಿ ಅಸಿಟೈಲ್‌ಕೋಲಿನ್ ಅನ್ನೋ ರಾಸಾಯನಿಕ ಬಿಡುತ್ತೆ. ಅದು ಬೀಗದ ಕೈ ಇದ್ದಂಗೆ. ಸ್ನಾಯುವಿನ ಪೊರೆಯ ಬಾಗಿಲು ತೆರೆಯುತ್ತೆ, ಸೋಡಿಯಂ ಒಳನುಗ್ಗುತ್ತೆ, ಸ್ನಾಯು ಬಿಗಿಯುತ್ತೆ. ಉಸಿರಾಟವೂ ನಡೆಯೋದು ಹೀಗೇ. ಕಪ್ಪೆಯ ಸ್ನಾಯುವಿನಲ್ಲಿ ಇಂಥ ಒಂದೇ ಬಾಗಿಲಿನ ವಿದ್ಯುತ್ತನ್ನು 1976ರಲ್ಲಿ ಜರ್ಮನಿಯ ನೇಹರ್, ಸಕ್ಮನ್ ಅಳೆದು ತೋರಿಸಿದರು. 1991ರಲ್ಲಿ ಅವರಿಗೆ ನೊಬೆಲ್ ಬಂತು.

ನಾಗರಹಾವಿನ ವಿಷ ಇದೇ ಬೀಗದೊಳಗೆ ಕೂತುಬಿಡುತ್ತೆ. ಕಟ್ಟುಹಾವಿನ ವಿಷ ನರದ ತುದಿಯನ್ನೇ ಹಾಳು ಮಾಡುತ್ತೆ. ಹೇಗಾದರೂ ಬಾಗಿಲು ತೆರೆಯಲ್ಲ. ಮುಚ್ಚಿದ ಬಾಗಿಲು ಏನು ಮಾಡುತ್ತೆ ಅಂತ ನಮಗೆ ಹೇಳಿಕೊಡಬೇಕಿಲ್ಲ. ಮೊದಲು ರೆಪ್ಪೆ ಜೋತು ಬೀಳುತ್ತೆ, ಮಾತು ತೊದಲುತ್ತೆ, ಎಂಜಲು ನುಂಗಕ್ಕಾಗಲ್ಲ, ಕೊನೆಗೆ ಉಸಿರು ನಿಲ್ಲುತ್ತೆ. ಆ ಹೊತ್ತಲ್ಲೂ ಒಳಗೆ ಪ್ರಜ್ಞೆ ಇರಬಹುದು. ಅಲುಗಾಡಲಿಲ್ಲ ಅಂತ ಸತ್ತ ಅನ್ನಬೇಡಿ.

ಕಟ್ಟುಹಾವು ರಾತ್ರಿ ನೆಲದ ಮೇಲೆ ಮಲಗಿದವರನ್ನು ಕಚ್ಚುತ್ತೆ. ಎಷ್ಟೋ ಸಲ ನೋವೂ ಇಲ್ಲ, ಊತವೂ ಇಲ್ಲ. ಊತ ಬರಲಿ ನೋಡೋಣ ಅಂತ ಕಾಯಬೇಡಿ.

"ಮಂತ್ರ ಹಾಕಿಸಿದ್ವಿ, ಬದುಕಿದ" ಅಂತಾರೆ. ಕೆಲವು ಸಲ ಹಾವು ಕಚ್ಚಿದರೂ ವಿಷ ಬಿಟ್ಟಿರಲ್ಲ, ಇಲ್ಲಾ ಅದು ವಿಷದ ಹಾವೇ ಅಲ್ಲ. ಹೆಸರು ಮಾತ್ರ ಮಂತ್ರಕ್ಕೆ ಹೋಗುತ್ತೆ. ಬೀಗದಲ್ಲಿ ಕೂತ ವಿಷಕ್ಕೆ ಮಂತ್ರ ಕೇಳಿಸಲ್ಲ.

ಹಗ್ಗ ಬಿಗಿಯಬೇಡಿ, ಕೊಯ್ಯಬೇಡಿ, ಚೀಪಬೇಡಿ. ಕಚ್ಚಿದ ಕೈಕಾಲು ಅಲುಗದಂಗೆ ಇಟ್ಟು, ಧೈರ್ಯ ಹೇಳಿ, 108ಕ್ಕೆ ಫೋನ್ ಮಾಡಿ. ಆಸ್ಪತ್ರೆಯಲ್ಲಿ ಕೊಡೋ ವಿಷನಿರೋಧಕ ಇಂಜೆಕ್ಷನ್ ರಕ್ತದಲ್ಲಿ ಓಡಾಡೋ ವಿಷವನ್ನು ಹಿಡಿಯುತ್ತೆ. ಬೀಗದೊಳಗೆ ಆಗಲೇ ಕೂತದ್ದನ್ನು ಬೇಗ ಬಿಡಿಸಲಾರದು. ಅದಕ್ಕೇ ಪ್ರತಿ ನಿಮಿಷವೂ ಮುಖ್ಯ. ಉಸಿರು ನಿಂತರೂ ವೆಂಟಿಲೇಟರ್ ಕಾಪಾಡಬಹುದು.

ಸಂಘದ ಹುಡುಗರಿಗೆ ನನ್ನ ಮಾತು ಇಷ್ಟೇ: ಹತ್ತಿರದ ಯಾವ ಸರ್ಕಾರಿ ಆಸ್ಪತ್ರೆಯಲ್ಲಿ ಈ ಇಂಜೆಕ್ಷನ್ ಇದೆ ಅಂತ ಈವತ್ತೇ ಕೇಳಿ ಬರೆದಿಡಿ. ಇಲ್ಲ ಅಂದರೆ, ತರಿಸಿ ಅಂತ ಅರ್ಜಿ ಕೊಡಿ. ಜೈ ಭೀಮ್.