ಒಡೆಯನಿಲ್ಲದ ಸಿನಿಮಾ

(ವಿದ್ಯಾರ್ಥಿಗಳ ಸಭೆಯಲ್ಲಿ ಆಡಿದ ಮಾತು)

ಸಿನಿಮಾ ಅಂದ್ರೆ ದುಡ್ಡಿದ್ದವರ ಆಟ ಅಂತ ನಾವೆಲ್ಲ ಅಂದ್ಕೊಂಡಿದ್ದೀವಿ. ದುಡ್ಡು ಹಾಕಿದವನಿಗೆ ಒಪ್ಪಿದ ಕತೆ ಮಾತ್ರ ತೆರೆಗೆ ಬರುತ್ತೆ. ಈ ಮಾತನ್ನು ಸುಳ್ಳು ಮಾಡೋಕೆ ಅರವತ್ತು ವರ್ಷ ಹೆಣಗಿದವರು ಜಪಾನಿನ ಕನೆಟೊ ಶಿಂಡೊ.

1912ರಲ್ಲಿ ಹಿರೋಶಿಮಾ ಸೀಮೆಯ ರೈತ ಕುಟುಂಬದಲ್ಲಿ ಹುಟ್ಟಿದರು. ಸಾಲಕ್ಕೆ ಮನೆತನ ಮುಳುಗಿತು. 1934ರಲ್ಲಿ ಸಿನಿಮಾ ಕಂಪನಿಯೊಂದರಲ್ಲಿ ಫಿಲಂ ತೊಳೆಯುವ ಕೆಲಸಕ್ಕೆ ಸೇರಿದರು. ಆಮೇಲೆ ಚಿತ್ರಕತೆ ಬರೆಯೋದು ಕಲಿತರು. ಯುದ್ಧ ಬಂತು, ಸೇನೆಗೆ ಎಳೆದುಕೊಂಡು ಹೋದರು. ಯಾರನ್ನು ಎಲ್ಲಿಗೆ ಕಳಿಸಬೇಕು ಅನ್ನೋದನ್ನು ಮೇಲಿನವರು ಚೀಟಿ ಎತ್ತಿ ತೀರ್ಮಾನಿಸಿದರು. ಅವರ ತಂಡದ 100 ಜನರಲ್ಲಿ ಉಳಿದವರು ಆರೇ ಮಂದಿ.

ಯುದ್ಧ ಮುಗಿದ ಮೇಲೆ ಶೊಚಿಕು ಕಂಪನಿಗೆ ಬರೆದರು. ಇವರ ಕತೆಗಳಲ್ಲಿ ಬರೀ ಕತ್ತಲೆ ಅಂತ ಕಂಪನಿ ಗೊಣಗಿತು. 1950ರಲ್ಲಿ ಅದನ್ನು ಬಿಟ್ಟು, ನಿರ್ದೇಶಕ ಯೊಶಿಮುರಾ, ನಟ ತೊನೊಯಾಮಾ ಜತೆಗೂಡಿ ಸ್ವಂತ ಸಂಸ್ಥೆ ಕಟ್ಟಿದರು.

1952ರಲ್ಲಿ 'ಹಿರೋಶಿಮಾದ ಮಕ್ಕಳು' ತೆಗೆದರು. ಮಾಡಿಸಿದ್ದು ಅಧ್ಯಾಪಕರ ಸಂಘ. ಚಿತ್ರ ನೋಡಿ ಸಂಘಕ್ಕೇ ಸಮಾಧಾನವಾಗಲಿಲ್ಲ, ಮರುವರ್ಷ ಬೇರೆಯವರಿಂದ ಇನ್ನೊಂದು ಚಿತ್ರ ಮಾಡಿಸಿತು. ನೋಡಿ, ನಮ್ಮವರೇ ದುಡ್ಡು ಕೊಟ್ಟರೂ ನಮ್ಮ ಮಾತನ್ನು ನಾವೇ ಕಾಯಬೇಕಾಗುತ್ತೆ.

1954ರ ಮಾರ್ಚಿನಲ್ಲಿ ಬಿಕಿನಿಯಲ್ಲಿ ಅಮೆರಿಕ ಸಿಡಿಸಿದ ಬಾಂಬಿನ ಬೂದಿ ಒಂದು ಮೀನುಗಾರರ ದೋಣಿಯ ಮೇಲೆ ಬಿತ್ತು. ಅದರಲ್ಲಿ 23 ಮಂದಿ ಇದ್ದರು. ಅವರ ಕತೆಯನ್ನು 1959ರಲ್ಲಿ ಸಿನಿಮಾ ಮಾಡಿದರು. ಅದು ಓಡಲಿಲ್ಲ. ಸಂಸ್ಥೆ ಮುಚ್ಚುವ ಸ್ಥಿತಿಗೆ ಬಂತು.

ಇದೇ ಕೊನೆ ಅಂದ್ಕೊಂಡು 1960ರಲ್ಲಿ 'ಬೆತ್ತಲೆ ದ್ವೀಪ' ತೆಗೆದರು. ಖರ್ಚು ಸಾಮಾನ್ಯ ಚಿತ್ರದ ಹತ್ತನೇ ಒಂದು ಪಾಲು. ನೀರಿಲ್ಲದ ದ್ವೀಪ, ಗಂಡ, ಹೆಂಡತಿ, ಇಬ್ಬರು ಮಕ್ಕಳು. ದೋಣಿಯಲ್ಲಿ ನೀರು ತಂದು, ಕಾವಡಿ ಹೊತ್ತು ಗುಡ್ಡ ಹತ್ತಿ ಗಿಡಕ್ಕೆ ಹೊಯ್ಯೋದೇ ಬದುಕು. ಮಾತೇ ಇಲ್ಲ ಅನ್ನಬೇಕು. ಒಮ್ಮೆ ಅವಳ ಕೈಯಿಂದ ನೀರು ಚೆಲ್ಲುತ್ತೆ, ಗಂಡ ಕೆನ್ನೆಗೆ ಹೊಡೀತಾನೆ. ಬಡವರ ಮನೆಯೊಳಗಿನ ಆ ಹೊಡೆತವನ್ನೂ ಶಿಂಡೊ ಮುಚ್ಚಿಡಲಿಲ್ಲ. ಮಗ ಸತ್ತಾಗ ಅವಳು ನೀರು ಚೆಲ್ಲಿ, ಗಿಡ ಕಿತ್ತೆಸೆದು, ನೆಲಕ್ಕೆ ಬಿದ್ದು ಅಳ್ತಾಳೆ. ಈ ಸಲ ಗಂಡ ಕೈ ಎತ್ತಲ್ಲ. ಅವಳು ಎದ್ದು ಮತ್ತೆ ನೀರು ಹೊಯ್ತಾಳೆ.

1961ರಲ್ಲಿ ಮಾಸ್ಕೊ ಉತ್ಸವದ ದೊಡ್ಡ ಪ್ರಶಸ್ತಿ ಬಂತು. ಹೊರದೇಶಗಳು ಚಿತ್ರವನ್ನು ಕೊಂಡವು. ಸಂಸ್ಥೆ ಉಳಿಯಿತು.

ಸೇನೆಯ ಆ ಚೀಟಿಯ ಕತೆಯನ್ನು ಹೇಳಿದ್ದು ಕೊನೆಯ ಚಿತ್ರ 'ಪೋಸ್ಟ್‌ಕಾರ್ಡ್'ನಲ್ಲಿ, 98ನೇ ವಯಸ್ಸಿನಲ್ಲಿ. 2012ರಲ್ಲಿ, ನೂರು ತುಂಬಿದ ಮೇಲೆ ತೀರಿಕೊಂಡರು.

ಗೆಳೆಯರೇ, ದುಡ್ಡಿಲ್ಲ ಅನ್ನೋದು ನಿಜ. ಆದರೆ ಅದನ್ನೇ ನೆಪ ಮಾಡ್ಕೊಂಡು ನಾವು ಬಾಯಿ ಮುಚ್ಕೊಂಡು ಕೂರೋದು ಬೇಡ. ಹತ್ತನೇ ಒಂದು ಪಾಲು ದುಡ್ಡಿನಲ್ಲಿ ಒಬ್ಬ ಮನುಷ್ಯ ನೀರು ಹೊರುವವರನ್ನು ಜಗತ್ತಿನ ಕಣ್ಣ ಮುಂದೆ ನಿಲ್ಲಿಸಿದ. ನಮ್ಮ ಕೈಲಿ ಎಷ್ಟಿದೆಯೋ ಅಷ್ಟರಲ್ಲೇ ಶುರು ಮಾಡೋಣ.